ಎರಡು ಸಲ ತಟ್ಟಿದರೆ

ನಾಲ್ವರು ಗೆಳತಿಯರು ಮೇಣದ ಗೊಂಬೆ ನೋಡಲು ಹೋದರು.
ಐದು ವರ್ಷದ ಚೀಟಿ ದುಡ್ಡಿನಲ್ಲಿ ಉಳಿದ ನನ್ನ ಪಾಲನ್ನು
ಒಬ್ಬ ಮಾರ್ಗದರ್ಶಿಗೆ ಸುರಿದೆ:
ಒಂದು ದಿನ, ನನಗೊಬ್ಬಳಿಗೇ ಲಂಡನ್ನು,
ಕಾಲ್ನಡಿಗೆ, ಬಸ್ಸು, ನೆಲದಡಿಯ ರೈಲು.
ಗದಗ ಡಿಪೋದಲ್ಲಿ ಇಪ್ಪತ್ತಾರು ವರ್ಷ
ನಿಂತುಕೊಂಡೇ ಊರು ನೋಡಿದವಳು,
ಒಮ್ಮೆ ಕೂತು ನೋಡೋಣವೆಂದು.

ಕ್ಲೈಡ್ ಅಲೀನ್. ಅರವತ್ತು ದಾಟಿದವ.
ಹೊಳಪಿಟ್ಟ ಬೂಟು, ಬಿಗಿಯಾಗಿ ಮಡಚಿದ ಕೊಡೆ.
ನನ್ನ ಹೆಸರನ್ನು ಅರ್ಧ ದಾರಿಗೇ ಇಳಿಸಿಬಿಟ್ಟ.
ದಾಕ್ಷಾಯಣಿ ಅಂದರೆ ಕೊನೆಯ ಸ್ಟಾಪಿನ ತನಕ ಹೋಗಬೇಕಪ್ಪ,
ಅಂದೆ, ನನ್ನ ಹರಕು ಇಂಗ್ಲಿಷಿನಲ್ಲಿ.

ಕೋಟೆಯಿಂದ ಶುರು.
ಇದು ರೋಮನ್ನರ ಗೋಡೆ, ಅದರ ಮೇಲೆ ಇನ್ಯಾರದೋ ಗೋಡೆ,
ಅದಕ್ಕೊರಗಿ ಸಿಗರೇಟು ಸೇದುವ ಬ್ಯಾಂಕಿನ ಹುಡುಗ.
ಒಳಗೆ ಗಾಜಿನ ಪೆಟ್ಟಿಗೆಯಲ್ಲಿ ಕಿರೀಟಗಳು;
ಯಾರೂ ನಿಲ್ಲದ ಹಾಗೆ ಕಾಲಡಿಯ ಪಟ್ಟಿ ತಾನೇ ಸರಿಯುತ್ತದೆ.
‘ಮುಂದೆ ಸರೀರಿ, ಒಳಗೆ ನಡೀರಿ’ ಎಂದು
ನಾನು ಗಂಟಲು ಹರಿದುಕೊಂಡ ಕೆಲಸವನ್ನು
ಇಲ್ಲಿ ನೆಲವೇ ಮಾಡುತ್ತದೆ.

ಆ ದೊಡ್ಡ ಹರಳು ನಮ್ಮ ಕಡೆಯದು, ಅಂದೆ.
ಗೊತ್ತು, ಅಂದ, ದನಿ ತಗ್ಗಿಸಿ.
ಚಿಲ್ಲರೆ ಇಲ್ಲದಾಗ ಬಾಕಿಯನ್ನು
ಟಿಕೇಟಿನ ಹಿಂದೆ ಬರೆದುಕೊಡುತ್ತೇವೆ ನಾವು.
ಇಳಿಯುವಾಗ ಕೇಳಿ ಇಸಿದುಕೊಳ್ಳಬೇಕು.
ಎಷ್ಟೋ ಜನ ಮರೆತು ಇಳಿಯುತ್ತಾರೆ.
ಆ ದುಡ್ಡು ಸಂಜೆ ಚೀಲದಲ್ಲಿ ಹೇಗೆ ಜಗ್ಗುತ್ತದೆಂದು
ನನಗೆ ಗೊತ್ತು.

ಹದಿನೈದನೇ ನಂಬರಿನ ಬಸ್ಸು, ಮಹಡಿಯ ಮುಂದಿನ ಸೀಟು.
ಕಂಡಕ್ಟರಿಲ್ಲ. ಕಾರ್ಡು ಮುಟ್ಟಿಸಿದರೆ ಪೆಟ್ಟಿಗೆ ಪೀಂ ಎನ್ನುತ್ತದೆ.
ಚಟ ಬಿಡದೆ ತಲೆ ಎಣಿಸಿದೆ:
ಕೆಳಗೆ ಇಪ್ಪತ್ತೊಂಬತ್ತು, ಮೇಲೆ ಹನ್ನೊಂದು,
ದುಡ್ಡು ಕೊಡದೆ ಹತ್ತಿದವ ಒಬ್ಬ, ಅವನ ಕುತ್ತಿಗೆಯೇ ಹೇಳುತ್ತದೆ.
ಕಾಣದ ಹೆಂಗಸೊಬ್ಬಳು ‘ಹೋಲ್ಡಾನ್’ ಅಂದಳು.
ನಿಂತಿತು ಅಂದುಕೊಂಡು ಎದ್ದೆ,
ಬಸ್ಸು ಹೊರಟೇಬಿಟ್ಟಿತು, ನಾನು ಕ್ಲೈಡನ ಮಡಿಲಲ್ಲಿ!
ಅಯ್ಯ ಶಿವನೇ, ನಮ್ಮಲ್ಲಿ ಹೋಲ್ಡಾನ್ ಅಂದರೆ ನಿಲ್ಲಿಸು ಅಂತ.
ಇವರದೇ ಮಾತು; ಹಡಗು ಹತ್ತಿ ಬರುವಾಗ
ಎಲ್ಲಿ ಮಗುಚಿಕೊಂಡಿತೋ.

ನಗುವಿನಲ್ಲಿ ಅವನು ದೊಡ್ಡ ಇಗರ್ಜಿಯ ಗುಮ್ಮಟ ತೋರಿಸುವುದನ್ನೇ ಮರೆತ.
ಆಮೇಲೆ ಕೇಳಿದ:
ನಿಲ್ಲಿಸಲು ಎಷ್ಟು ಗಂಟೆ ಹೊಡೆಯುತ್ತೀರಿ?
ಒಂದು.
ಹೊರಡಲು?
ಎರಡು.
ಸುಮ್ಮನಾದ.

ನದಿ, ಅರಮನೆ, ಕಂಚಿನ ಕುದುರೆಯಿಂದ ಇಳಿಯಲೊಲ್ಲದ ದೊರೆಗಳು,
ಪಟ್ಟಿಯಲ್ಲಿದ್ದುದನ್ನೆಲ್ಲ ತೋರಿಸಿದ, ಇಲ್ಲವೆನ್ನಲಾರೆ.
ಮೂರೂವರೆಗೆ ನನ್ನ ದುಡ್ಡು ಮುಗಿಯಿತು.
ಪಟ್ಟಿಯಲ್ಲಿಲ್ಲದ ಬಸ್ಸೊಂದನ್ನು ಹತ್ತಿಸಿ
ಸೇತುವೆ ದಾಟಿಸಿ ಕ್ಯಾಂಬರ್‌ವೆಲ್ಲಿಗೆ ಕರೆದೊಯ್ದ.

ಡಿಪೋ.
ಗೇಟಿನ ಬಳಿ ಚಹಾದ ಲೋಟ ಹಿಡಿದ ಖಾಕಿಯಲ್ಲದ ಖಾಕಿಯವರು.
ಕಣ್ಣು ಕಟ್ಟಿ ತಂದಿದ್ದರೂ ಗುರುತು ಹಿಡಿಯುತ್ತಿದ್ದೆ.

ಅವನ ಅವ್ವ ಎನಿಡ್,
ಬಾರ್ಬಡೋಸ್ ದ್ವೀಪದಿಂದ ಇಪ್ಪತ್ತೆರಡಕ್ಕೆ ಬಂದವಳು.
ಹಡಗಿನ ಖರ್ಚನ್ನು ಸಂಬಳದಲ್ಲಿ ಮುರಿದುಕೊಂಡರು.
ಕೈ ತಾಗೀತೆಂದು ಕೆಲವರು
ನಾಣ್ಯವನ್ನು ಮೇಲಿನಿಂದಲೇ ಬೀಳಿಸುತ್ತಿದ್ದರಂತೆ.
ಇದನ್ನು ನನಗೆ ಬಿಡಿಸಿ ಹೇಳಬೇಕಿರಲಿಲ್ಲ.
ರೋಣದ ದಾರಿಯಲ್ಲಿ ನನ್ನ ಅಂಗೈಗೂ ಬಿದ್ದಿವೆ,
ಬೊಗಸೆ ಒಡ್ಡಿದಷ್ಟೂ ಎತ್ತರದಿಂದ.

ಕಡೆಯ ದಿನ ಆಸ್ಪತ್ರೆಯ ಮಂಚದ ಕಂಬಿಗೆ
ಉಂಗುರದ ಬೆರಳಿನಿಂದ ತಟ್ಟಿದಳಂತೆ, ಎರಡು ಸಲ.
ನರ್ಸು, ನೀರು ಬೇಕೇ ಅಂದಳು.
ನನಗೆ ತಿಳಿಯಿತು, ಅಂದ ಕ್ಲೈಡ್.

ಅವನ ಮನೆಯ ಕಡೆಯ ಬಸ್ಸು ಬಂತು.
ಖಾಲಿ ಸೀಟಿದ್ದರೂ ಬಾಗಿಲ ಬಳಿಯೇ ನಿಂತ.
ನನ್ನ ಅಂಗೈ ತನ್ನ ಪಾಡಿಗೆ ತಾನು
ಕೆಂಪು ತಗಡಿಗೆ ಬಿತ್ತು: ಧಡ್, ಧಡ್.
ಡ್ರೈವರ್ ಹುಡುಗಿ ಕನ್ನಡಿಯಲ್ಲಿ ಹುಬ್ಬು ಗಂಟಿಕ್ಕಿದಳು.
ಬಸ್ಸು ಹೊರಟಿತು.
ನಾನು ತಟ್ಟದಿದ್ದರೂ ಹೊರಡುತ್ತಿತ್ತು, ಬಿಡಿ.